ನಾಲ್ಕು ವರ್ಷ ಕಟ್ಟಿದರೂ ಕರಗದ ಅಸಲು

2025ರ ಜುಲೈ. ಸೆಮಿಸ್ಟರ್ ರಜೆ ಮುಗಿಸಿ ದಾವಣಗೆರೆಯಿಂದ ಹಾಸ್ಟೆಲಿಗೆ ಬಂದ ನಮ್ಮ ಬಳಗದ ಗೆಳೆಯನೊಬ್ಬ ಬ್ಯಾಗಿನಿಂದ ಚಕ್ಕುಲಿ ಡಬ್ಬಿಗಿಂತ ಮೊದಲು ಒಂದು ಹಾಳೆ ತೆಗೆದ. ಅವರಪ್ಪನ ಹೋಮ್ ಲೋನ್ ಸ್ಟೇಟ್‌ಮೆಂಟ್. 2021ರ ಜೂನ್‌ನಲ್ಲಿ ಮನೆ ಕಟ್ಟೋಕೆ ತೆಗೆದುಕೊಂಡ 25 ಲಕ್ಷ, ಬಡ್ಡಿ ಶೇ 7, ಅವಧಿ 20 ವರ್ಷ, ಇಎಂಐ 19,382 ರೂಪಾಯಿ. ಅಪ್ಪ ಒಂದೇ ಒಂದು ಕಂತನ್ನೂ ತಪ್ಪಿಸಿಲ್ಲ. 48 ಕಂತು, ಅಂದ್ರೆ 9 ಲಕ್ಷದ 30 ಸಾವಿರ ಕಟ್ಟಿ ಆಗಿದೆ. ಬಾಕಿ ಎಷ್ಟಿದೆ ಅಂತ ನೋಡಿದ್ರೆ ಹೆಚ್ಚುಕಡಿಮೆ 24 ಲಕ್ಷದ 25 ಸಾವಿರ!

"ಪ್ರಿಂಟ್ ಮಿಸ್ಟೇಕ್ ಇರಬೇಕು ಕಣೋ" ಅಂದ್ವಿ. ಇರಲಿಲ್ಲ. ಇನ್ನೂ ಕೆಳಗೆ ನೋಡಿದರೆ, 2041ಕ್ಕೆ ಮುಗಿಯಬೇಕಿದ್ದ ಸಾಲ ಈಗ 2051ಕ್ಕೆ ಮುಗಿಯುತ್ತೆ ಅಂತ ಇತ್ತು. ಆಗ ಅವರಪ್ಪನಿಗೆ 72 ವರ್ಷ. "ಅಪ್ಪ ಇದನ್ನ ನೋಡೇ ಇಲ್ಲ. ಇಎಂಐ ಅಷ್ಟೇ ಹೋಗ್ತಿದೆಯಲ್ಲಪ್ಪ, ಮತ್ತೇನು ಅಂತಾರೆ" ಅಂದ ಗೆಳೆಯ.

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಅಂತ ಗಾದೆ ಮಾಡಿದವರ ಕಾಲದಲ್ಲಿ ಫ್ಲೋಟಿಂಗ್ ರೇಟ್ ಇರಲಿಲ್ಲ ಅನ್ಸುತ್ತೆ. ಆ ರಾತ್ರಿ ನಾವು ನಾಲ್ಕು ಜನ ಲ್ಯಾಪ್‌ಟಾಪ್ ಮುಂದೆ ಕೂತು ಲೆಕ್ಕ ಹಾಕಿದ್ದನ್ನೇ ಇಲ್ಲಿ ಬರೀತಿದ್ದೇವೆ. ಇನ್ನು ಮೂರ್ನಾಲ್ಕು ವರ್ಷದಲ್ಲಿ ನಮ್ಮಲ್ಲೂ ಅರ್ಧ ಜನ ಬೆಂಗಳೂರಿನ ಯಾವುದಾದರೂ ಅಪಾರ್ಟ್‌ಮೆಂಟಿನ ಬ್ರೋಷರ್ ಹಿಡಿದು ನಿಂತಿರುತ್ತೇವೆ.

ಹೋಮ್ ಲೋನ್ ಒಳಗೆ ಇರೋದು ಒಂದೇ ಸಮೀಕರಣ. ಮುಂದಿನ ತಿಂಗಳ ಬಾಕಿ = ಈ ತಿಂಗಳ ಬಾಕಿ × (1 + ತಿಂಗಳ ಬಡ್ಡಿ) − ಇಎಂಐ. ಅಷ್ಟೇ. ಎಕ್ಸೆಲ್‌ನಲ್ಲಿ ಒಂದು ಸಾಲು ಬರೆದು ಕೆಳಗೆ ಎಳೆದರೆ ಇಡೀ ಸಾಲದ ಜಾತಕ ಕಾಣುತ್ತೆ. ಬ್ಯಾಂಕು ಪ್ರತಿ ಕಂತಿನಲ್ಲೂ ಮೊದಲು ಆ ತಿಂಗಳ ಬಡ್ಡಿ ತೆಗೆದುಕೊಂಡು, ಮಿಕ್ಕಿದ್ದನ್ನು ಅಸಲಿಗೆ ಹಾಕುತ್ತೆ. ಇದರಲ್ಲಿ ಮೋಸ ಏನಿಲ್ಲ. ಬಾಕಿ ದೊಡ್ಡದಿದ್ದಾಗ ಬಡ್ಡಿಯೂ ದೊಡ್ಡದು, ಅಷ್ಟೇ.

ನಮ್ಮ ಕಾಲಕ್ಕೆ ಹೊಂದುವಂತೆ 50 ಲಕ್ಷ, ಶೇ 8.5, 20 ವರ್ಷ ಅಂತ ಇಟ್ಟುಕೊಳ್ಳಿ. ಇಎಂಐ 43,391. ಮೊದಲ ಕಂತಿನಲ್ಲಿ ಬಡ್ಡಿಗೆ ಹೋಗೋದು 35,417, ಅಸಲಿಗೆ ಬರೀ 7,974. ಐದು ವರ್ಷದಲ್ಲಿ 26 ಲಕ್ಷ ಕಟ್ಟಿರುತ್ತೀರಿ, ಅಸಲು ಇಳಿದಿರೋದು 6 ಲಕ್ಷಕ್ಕೂ ಕಡಿಮೆ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗೋದು 143ನೇ ಕಂತಿನಲ್ಲಿ, ಅಂದ್ರೆ ಹನ್ನೆರಡನೇ ವರ್ಷದ ಕೊನೆಗೆ. ಸಾಲ ಅರ್ಧಕ್ಕೆ ಇಳಿಯೋಕೆ ಹದಿನಾಲ್ಕು ವರ್ಷ ಹತ್ತಿರ ಬರುತ್ತೆ. ಎಲ್ಲ ಕೂಡಿದರೆ 1 ಕೋಟಿ 4 ಲಕ್ಷ. ಬಡ್ಡಿಯೊಂದೇ 54 ಲಕ್ಷ.

ಈ 54 ಲಕ್ಷ ನೋಡಿ ಎಲ್ಲರೂ ಬೆಚ್ಚಿಬೀಳುತ್ತಾರೆ. ಆದರೆ ಗೆಳೆಯನ ಅಪ್ಪನಿಗೆ ಪೆಟ್ಟು ಬಿದ್ದಿದ್ದು ಬೇರೆ ಕಡೆ. ಅವರ ಸ್ಟೇಟ್‌ಮೆಂಟ್ ಅರ್ಥ ಆಗಬೇಕಾದರೆ ರೆಪೊ ದರದ ಕಥೆ ಗೊತ್ತಿರಬೇಕು.

2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡೋ ಹೊಸ ಫ್ಲೋಟಿಂಗ್ ಹೋಮ್ ಲೋನ್‌ಗಳು ಹೊರಗಿನ ಒಂದು ದರಕ್ಕೆ ತಗುಲಿಕೊಂಡಿರಬೇಕು ಅಂತ ಆರ್‌ಬಿಐ ನಿಯಮ ಮಾಡಿತು. ಹೆಚ್ಚಿನ ಬ್ಯಾಂಕುಗಳು ಆರಿಸಿಕೊಂಡಿದ್ದು ರೆಪೊ ದರ. ಕೋವಿಡ್ ಸಮಯದಲ್ಲಿ, 2020ರ ಮೇ ತಿಂಗಳಲ್ಲಿ, ಅದು ಶೇ 4ಕ್ಕೆ ಇಳಿಯಿತು. ಶೇ 7ರ ಸಾಲ ಸಿಕ್ಕಿದ್ದು ಆ ದಿನಗಳಲ್ಲಿ. 2022ರ ಮೇ ತಿಂಗಳಲ್ಲಿ ಏರೋಕೆ ಶುರುವಾಗಿ 2023ರ ಫೆಬ್ರವರಿಗೆ ಶೇ 6.5 ಮುಟ್ಟಿತು. ಒಂಬತ್ತು ತಿಂಗಳಲ್ಲಿ ಎರಡೂವರೆ. ಅಪ್ಪನ ಶೇ 7 ಹೋಗಿ ಶೇ 9.5 ಆಯಿತು. ಆದರೆ ಬ್ಯಾಂಕು ಇಎಂಐ ಮುಟ್ಟಲಿಲ್ಲ. ಅದೇ 19,382 ಇಟ್ಟು ಅವಧಿಯನ್ನು ಎಳೆಯಿತು.

ಈಗ ಆ ಸಮೀಕರಣಕ್ಕೆ ವಾಪಸ್ ಬನ್ನಿ. ಬಾಕಿ ಏರದೆ, ಇಳಿಯದೆ ಹಾಗೇ ನಿಲ್ಲುವ ಒಂದು ಬಿಂದು ಇದೆ. ಇಎಂಐಯನ್ನು ತಿಂಗಳ ಬಡ್ಡಿದರದಿಂದ ಭಾಗಿಸಿದರೆ ಅದು ಸಿಗುತ್ತೆ. ಶೇ 9.5ಕ್ಕೆ ಲೆಕ್ಕ ಹಾಕಿದರೆ 24 ಲಕ್ಷದ 48 ಸಾವಿರ. ಅಪ್ಪನ ಬಾಕಿ ಆಗ 24 ಲಕ್ಷದ 29 ಸಾವಿರದ ಆಸುಪಾಸು. ಕಂಟ್ರೋಲ್ ಸಿಸ್ಟಮ್ಸ್ ಓದಿದವರಿಗೆ ಹೇಳಬೇಕಾಗಿಲ್ಲ, ಇದು ಅಸ್ಥಿರ ಸಮತೋಲನ. ಬಾಕಿ ಆ ಬಿಂದುವಿನ ಕೆಳಗಿದ್ದರೆ ಸಾಲ ನಿಧಾನಕ್ಕೆ ಜಾರಿ ಸೊನ್ನೆಗೆ ಹೋಗುತ್ತೆ. ಮೇಲಿದ್ದರೆ ಕಟ್ಟುತ್ತಿದ್ದರೂ ಬೆಳೀತಾ ಹೋಗುತ್ತೆ. ಅಪ್ಪ ನಿಂತಿದ್ದು ಅಂಚಿನಿಂದ ಬರೀ 20 ಸಾವಿರ ಈಚೆಗೆ. ಇನ್ನೊಂದು ಶೇ 0.1 ಏರಿದ್ದರೂ ಆಚೆಗೆ ಬೀಳುತ್ತಿದ್ದರು. ಹೆಚ್ಚುಕಡಿಮೆ ಒಂದೂಮುಕ್ಕಾಲು ವರ್ಷ ಪ್ರತಿ 19,382ರಲ್ಲಿ ಅಸಲಿಗೆ ಹೋಗಿದ್ದು ನೂರೈವತ್ತು ರೂಪಾಯಿ ಚಿಲ್ಲರೆ. ನಮ್ಮ ಮೆಸ್ಸಿನ ಎರಡು ದಿನದ ಊಟದ ದುಡ್ಡು.

ಈ ಲೆಕ್ಕ ಬಂದಾಗ ರೂಮಿನಲ್ಲಿ ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಆ ಒಂದೂಮುಕ್ಕಾಲು ವರ್ಷದಲ್ಲೇ ಅವರಪ್ಪ ಇವನಿಗೆ ಹೊಸ ಲ್ಯಾಪ್‌ಟಾಪ್ ಕೊಡಿಸಿದ್ದು. ನಾವು ಲೆಕ್ಕ ಹಾಕುತ್ತಿದ್ದುದೂ ಅದರಲ್ಲೇ.

ನಮ್ಮ ಪ್ರಕಾರ ಹೋಮ್ ಲೋನಿನ ನಿಜವಾದ ಬೆಲೆ ಅಡಗಿರೋದು ಅವಧಿಯಲ್ಲಿ. ಇಎಂಐ ಎಷ್ಟು ಅಂತ ಎಲ್ಲರೂ ಕೇಳುತ್ತಾರೆ, ಬಡ್ಡಿ ಎಷ್ಟು ಅಂತ ಹಲವರು ಕೇಳುತ್ತಾರೆ. ಎಷ್ಟು ಕಂತು ಉಳಿದಿದೆ ಅಂತ ಕೇಳೋರು ಕಡಿಮೆ. ಮೇಲಿನ 50 ಲಕ್ಷವನ್ನೇ 30 ವರ್ಷಕ್ಕೆ ಎಳೆಯಿರಿ. ಇಎಂಐ 38,446 ಆಗುತ್ತೆ, ತಿಂಗಳಿಗೆ ಸುಮಾರು 4,950 ಉಳಿತಾಯ. ಆದರೆ ಒಟ್ಟು ಬಡ್ಡಿ 54 ಲಕ್ಷದಿಂದ 88 ಲಕ್ಷಕ್ಕೆ ಹಾರುತ್ತೆ. ಅದೇ 15 ವರ್ಷಕ್ಕೆ ಇಳಿಸಿದರೆ ಇಎಂಐ 49,237, ಬಡ್ಡಿ 38 ಲಕ್ಷ ಚಿಲ್ಲರೆ.

ಇಲ್ಲಿ ನಮ್ಮೊಳಗೇ ಒಂದು ಜಗಳ ಆಯಿತು, ಅದನ್ನೂ ಹೇಳಿಬಿಡೋಣ. 2045ರ ರೂಪಾಯಿಯನ್ನು ಇವತ್ತಿನ ರೂಪಾಯಿ ಜೊತೆ ಕೂಡಿಸೋದು ಸರೀನಾ? ಸರಿಯಲ್ಲ. ನಮ್ಮ ಅಜ್ಜಂದಿರು ನೂರು ರೂಪಾಯಿ ಸಂಬಳದ ಕಥೆ ಹೇಳೋದಿಲ್ವಾ? ಹಣದುಬ್ಬರ ವರ್ಷಕ್ಕೆ ಶೇ 5 ಅಂತ ಹಿಡಿದರೆ, ಇಪ್ಪತ್ತನೇ ವರ್ಷ ನೀವು ಕಟ್ಟುವ 43,391ರ ಬೆಲೆ ಇವತ್ತಿನ 16,000ದಷ್ಟು. ಹೀಗೆ ಎಲ್ಲ ಕಂತನ್ನೂ ಇವತ್ತಿನ ಬೆಲೆಗೆ ಇಳಿಸಿ ಕೂಡಿಸಿದರೆ 20 ವರ್ಷದ ಸಾಲಕ್ಕೆ ಸಿಗೋದು 65.7 ಲಕ್ಷ, 30 ವರ್ಷದ್ದಕ್ಕೆ 71.6 ಲಕ್ಷ. ಅಂದ್ರೆ "50 ಲಕ್ಷಕ್ಕೆ ಒಂದು ಕೋಟಿ ಕಟ್ಟಿಸ್ಕೊಳ್ತಾರೆ" ಅನ್ನೋ ಮಾತು ಅರ್ಧ ಸತ್ಯ. 34 ಲಕ್ಷದ ವ್ಯತ್ಯಾಸ ನಿಜವಾಗಿ 6 ಲಕ್ಷದ್ದು. ಒಪ್ಪಿದ್ವಿ. ಆದರೆ ಈ ಲೆಕ್ಕ ನಿಲ್ಲೋದು ಹಣದುಬ್ಬರದ ಜೊತೆ ಸಂಬಳವೂ ಏರುತ್ತಾ ಹೋದರೆ ಮಾತ್ರ. 60ಕ್ಕೆ ನಿವೃತ್ತಿಯಾಗಿ 72ರ ತನಕ ಕಂತು ಕಟ್ಟಬೇಕಾದವರಿಗೆ ಈ ಸಮಾಧಾನ ಯಾವ ಕೆಲಸಕ್ಕೆ ಬರುತ್ತೆ?

ಬ್ರೋಷರಿನಲ್ಲಿ ಕಾಣದ ಖರ್ಚುಗಳೂ ಇವೆ. 50 ಲಕ್ಷದ ಸಾಲಕ್ಕೆ ಬ್ಯಾಂಕು ಮನೆ ಬೆಲೆಯ ಶೇ 80ರ ತನಕ ಮಾತ್ರ ಕೊಡಬಹುದು. ಹಾಗಾಗಿ 62.5 ಲಕ್ಷದ ಫ್ಲ್ಯಾಟಿಗೆ 12.5 ಲಕ್ಷ ಕೈಯಿಂದ ಹಾಕಬೇಕು. ಕರ್ನಾಟಕದಲ್ಲಿ ಈ ಬೆಲೆಯ ಮನೆಗೆ ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ಸು, ಸರ್‌ಚಾರ್ಜು. 2025ರ ಆಗಸ್ಟ್ ಕೊನೆಯಿಂದ ನೋಂದಣಿ ಶುಲ್ಕ ಶೇ 1ರಿಂದ ಶೇ 2 ಆಗಿದೆ. ಎಲ್ಲ ಸೇರಿ ಶೇ 7.6ರ ಹತ್ತಿರ, ಅಂದ್ರೆ ನಾಲ್ಕೂಮುಕ್ಕಾಲು ಲಕ್ಷ. ಈ ದುಡ್ಡಿಗೆ ಸಾಮಾನ್ಯವಾಗಿ ಹೋಮ್ ಲೋನ್ ಸಿಗೋದಿಲ್ಲ. ಅಮ್ಮನ ಒಡವೆ ನೆನಪಾಗೋದು, ಇಲ್ಲವೇ ಶೇ 11-12ರ ಪರ್ಸನಲ್ ಲೋನ್ ಬರೋದು ಈ ಹಂತದಲ್ಲೇ. ಕಟ್ಟುತ್ತಿರುವ ಫ್ಲ್ಯಾಟಾದರೆ ಜಿಎಸ್‌ಟಿ ಶೇ 5 ಬೇರೆ. ಓಸಿ ಬಂದ ಮೇಲೆ ಕೊಂಡರೆ ಅದಿಲ್ಲ. ಇದಲ್ಲದೆ ಪ್ರೋಸೆಸಿಂಗ್ ಫೀ, ಲೀಗಲ್ ಫೀ, ಸಾಲದ ಜೊತೆ ಅಂಟಿಸಿ ಕೊಡುವ ಇನ್ಶೂರೆನ್ಸ್. ಆ ಇನ್ಶೂರೆನ್ಸ್ ಪ್ರೀಮಿಯಮ್ಮನ್ನೂ ಸಾಲಕ್ಕೇ ಸೇರಿಸಿದರೆ ಅದಕ್ಕೂ ಇಪ್ಪತ್ತು ವರ್ಷ ಬಡ್ಡಿ.

"ಟ್ಯಾಕ್ಸ್ ಉಳಿಯುತ್ತಲ್ಲ" ಅನ್ನೋ ಮಾವಂದಿರು ಎಲ್ಲರ ಮನೆಯಲ್ಲೂ ಇದ್ದಾರೆ. ನಾವೇ ವಾಸ ಮಾಡುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಇರೋದು ಹಳೇ ತೆರಿಗೆ ಪದ್ಧತಿಯಲ್ಲಿ. ಈಗ ತಾನಾಗಿ ಅನ್ವಯ ಆಗೋ ಹೊಸ ಪದ್ಧತಿಯಲ್ಲಿ ಅದಿಲ್ಲ. ಮಾವನಿಗೆ ವಿನಯವಾಗಿ ಹೇಳಿ.

ಹಾಗಾದ್ರೆ ಏನು ಮಾಡಬಹುದು? ಸಾಲವನ್ನು ಮೊದಲ ವರ್ಷಗಳಲ್ಲೇ ಕೆಣಕಬೇಕು. 50 ಲಕ್ಷದ ಸಾಲಕ್ಕೆ ವರ್ಷಕ್ಕೊಂದು ಇಎಂಐ ಹೆಚ್ಚಿಗೆ ಕಟ್ಟಿದರೆ, ಅಂದ್ರೆ ಹನ್ನೆರಡರ ಬದಲು ಹದಿಮೂರು, 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ಮುಗಿಯುತ್ತೆ. ಬಡ್ಡಿಯಲ್ಲಿ 10 ಲಕ್ಷದಷ್ಟು ಉಳಿತಾಯ. ಫ್ಲೋಟಿಂಗ್ ಹೋಮ್ ಲೋನನ್ನು ಮುಂಚಿತವಾಗಿ ತೀರಿಸಿದರೆ ದಂಡ ಹಾಕಬಾರದು ಅಂತ ಆರ್‌ಬಿಐ 2012ರಲ್ಲೇ ಬ್ಯಾಂಕುಗಳಿಗೆ ಹೇಳಿದೆ. ಆ ದುಡ್ಡನ್ನ ಎಸ್‌ಐಪಿಗೆ ಹಾಕಿದರೆ ಹೆಚ್ಚು ಬರಲ್ವಾ ಅಂತ ನಮ್ಮಲ್ಲೊಬ್ಬ ಈಗಲೂ ವಾದ ಮಾಡುತ್ತಾನೆ. ಬರಬಹುದು, ಬರದೆಯೂ ಇರಬಹುದು. ಶೇ 8.5ರ ಸಾಲ ತೀರಿಸಿದರೆ ಶೇ 8.5 ಖಚಿತವಾಗಿ ಉಳಿಯುತ್ತೆ.

ಇನ್ನೊಂದು ವಿಷಯ ನಮಗೂ ಆ ರಾತ್ರಿವರೆಗೆ ಗೊತ್ತಿರಲಿಲ್ಲ. 2023ರ ಆಗಸ್ಟ್‌ನಲ್ಲಿ ಆರ್‌ಬಿಐ ಒಂದು ಸುತ್ತೋಲೆ ಹೊರಡಿಸಿದೆ. ಬಡ್ಡಿ ಏರಿದಾಗ ಇಎಂಐ ಏರಿಸಬೇಕೋ, ಅವಧಿ ಎಳೆಯಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಅನ್ನೋ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕು. ಅವಧಿ ಎಳೆದರೂ ಸಾಲ ಬೆಳೆಯುವಂತೆ ಆಗಬಾರದು. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಈವರೆಗೆ ಕಟ್ಟಿದ ಅಸಲೆಷ್ಟು, ಬಡ್ಡಿಯೆಷ್ಟು, ಉಳಿದ ಕಂತೆಷ್ಟು ಅಂತ ಇರಬೇಕು. ಗೆಳೆಯನ ಅಪ್ಪನಿಗೂ ಇಂಗ್ಲಿಷಿನಲ್ಲಿ ಒಂದು ಎಸ್ಸೆಮ್ಮೆಸ್ ಬಂದಿತ್ತಂತೆ. ಕ್ರೆಡಿಟ್ ಕಾರ್ಡ್ ಆಫರ್‌ಗಳ ನಡುವೆ ಎಲ್ಲೋ ಸೇರಿಹೋಗಿತ್ತು.

ಮರುದಿನ ಬೆಳಗ್ಗೆ ಅವನು ಅಪ್ಪನಿಗೆ ಫೋನ್ ಮಾಡಿದ. ರೆಪೊ ಅಷ್ಟೊತ್ತಿಗೆ ಶೇ 5.5ಕ್ಕೆ ಇಳಿದು ಅವರ ಬಡ್ಡಿ 8.5 ಆಗಿತ್ತು. ಆದರೂ ಹಳೇ ಇಎಂಐಯಲ್ಲೇ ಹೋದರೆ ಇನ್ನೂ 308 ಕಂತು, ಸುಮಾರು 59.7 ಲಕ್ಷ. 2041ಕ್ಕೇ ಮುಗಿಸಬೇಕಾದರೆ ಇಎಂಐ 23,146 ಆಗಬೇಕು, ಆಗ ಕಟ್ಟೋದು 44.4 ಲಕ್ಷ. ತಿಂಗಳಿಗೆ 3,764 ಹೆಚ್ಚು, ಒಟ್ಟಿನಲ್ಲಿ 15 ಲಕ್ಷ ಕಡಿಮೆ.

"ಅಲ್ಲೋ, ನನಗ್ಯಾಕೆ ಯಾರೂ ಇದನ್ನ ಹೇಳಲಿಲ್ಲ?" ಅಂದ್ರಂತೆ ಅಪ್ಪ.

ಬ್ಯಾಂಕಿಗೆ ಅರ್ಜಿ ಕೊಟ್ಟರು. ಎರಡು ಸಲ ಓಡಾಡಿದ ಮೇಲೆ ಕೆಲಸ ಆಯಿತು. ಸೆಪ್ಟೆಂಬರಿನಿಂದ 23,146ಕ್ಕಿಂತ ತುಸು ಹೆಚ್ಚೇ ಹೋಗುತ್ತಿದೆ, ಕೊನೆಯ ಕಂತಿನ ಕಾಲಮಿನಲ್ಲಿ ಮತ್ತೆ 2041 ಬಂದಿದೆ. ಗೆಳೆಯನಿಗೆ ಪ್ಲೇಸ್‌ಮೆಂಟ್ ಆಗಿದೆ, ಕೆಲಸಕ್ಕೆ ಸೇರೋದು ಪರೀಕ್ಷೆ ಮುಗಿದ ಮೇಲೆ. ಆ ಹೆಚ್ಚುವರಿ 3,764 ಇನ್ನು ಮುಂದೆ ಯಾರ ಅಕೌಂಟಿನಿಂದ ಹೋಗಬೇಕು ಅಂತ ಅಪ್ಪ-ಮಗನ ನಡುವೆ ಪ್ರತಿ ಭಾನುವಾರ ಫೋನಿನಲ್ಲಿ ವಾದ ನಡೀತಿದೆ. ಸದ್ಯಕ್ಕೆ ಅಪ್ಪ ಗೆಲ್ತಿದ್ದಾರೆ.