ಮುಖ ನೋಡಿ ಅಳೆಯುವ ಲೋಕ: ಬೆಂಜಮಿನ್ ಜೆಫನಾಯಾ ಮತ್ತು ‘ಫೇಸ್’ ಕಾದಂಬರಿ

ಇಂಗ್ಲೆಂಡಿನ ಕವಿ ಬೆಂಜಮಿನ್ ಜೆಫನಾಯಾ (1958-2023) ಅವರ ಕವಿತೆಗಳು ಸಭೆಯ ಮುಂದೆ ನಿಂತು, ಲಯಕ್ಕೆ ಮೈಯನ್ನೂ ಜೊತೆಗೂಡಿಸಿ, ಕೇಳುವವರ ಮುಖಭಾವವನ್ನು ಗಮನಿಸುತ್ತ ಹೇಳುವುದಕ್ಕೆಂದೇ ಕಟ್ಟಿದವು. ಇದನ್ನು ಪ್ರದರ್ಶನ ಕಾವ್ಯವೆಂದು ಕರೆಯುತ್ತಾರೆ. ಎಪ್ಪತ್ತರ ದಶಕದಲ್ಲಿ ಸಿದ್ಧಲಿಂಗಯ್ಯನವರ ಪದ್ಯಗಳು ದಲಿತ ಚಳವಳಿಯ ಮೆರವಣಿಗೆಗಳಲ್ಲಿ ಹಾಡಾಗಿ ಹಬ್ಬಿದ್ದನ್ನು ಬಲ್ಲ ಕನ್ನಡದ ಓದುಗರಿಗೆ ಅಂಥ ಕಾವ್ಯದ ಕಸುವನ್ನು ಬಿಡಿಸಿ ಹೇಳಬೇಕಾಗಿಲ್ಲ. ಈ ಕವಿ 1999ರಲ್ಲಿ ‘ಫೇಸ್’, ಅಂದರೆ ‘ಮುಖ’ ಎಂಬ ಹೆಸರಿನ ತಮ್ಮ ಮೊದಲ ಕಾದಂಬರಿಯನ್ನು ಹದಿಹರೆಯದ ಓದುಗರಿಗಾಗಿ ಬರೆದರು. ಸುಟ್ಟಗಾಯದಿಂದ ಮುಖ ವಿರೂಪಗೊಂಡ ಹುಡುಗನೊಬ್ಬನ ಕಥೆ ಅದು. ಜನಾಂಗಭೇದದ ವಿರುದ್ಧ ದನಿಯೆತ್ತುವ ಕಪ್ಪುವರ್ಣೀಯ ಕವಿಯೆಂದೇ ಹೆಸರಾದವರು ಬಿಳಿಯ ಹುಡುಗನೊಬ್ಬನನ್ನು ನಾಯಕನನ್ನಾಗಿ ಆರಿಸಿಕೊಂಡದ್ದು ಮೇಲ್ನೋಟಕ್ಕೆ ವಿಷಯಾಂತರವೆಂದು ತೋರಬಹುದಾದರೂ, ಅವರ ಬದುಕನ್ನು ತಿಳಿದವರಿಗೆ ಅದು ಅದೇ ಹೋರಾಟದ ಮುಂದುವರಿಕೆಯೆಂಬುದು ಸ್ಪಷ್ಟವಾಗುತ್ತದೆ.

ಜೆಫನಾಯಾ ಹುಟ್ಟಿದ್ದು 1958ರ ಏಪ್ರಿಲ್ 15ರಂದು, ಬರ್ಮಿಂಗ್‌ಹ್ಯಾಮ್ ನಗರದಲ್ಲಿ. ಅವರು ಬೆಳೆದ ಹ್ಯಾಂಡ್ಸ್‌ವರ್ತ್ ಎಂಬ ಬಡಾವಣೆಯಲ್ಲಿ ಎರಡನೆಯ ಮಹಾಯುದ್ಧದ ನಂತರ ಕೆಲಸ ಅರಸಿ ಬಂದ ಕೆರಿಬಿಯನ್ ದ್ವೀಪಗಳ ಜನರೂ ಭಾರತ ಉಪಖಂಡದ ಜನರೂ ಒತ್ತೊತ್ತಾಗಿ ನೆಲೆಸಿದ್ದರು. ತಂದೆ ಬಾರ್ಬಡೋಸಿನಿಂದ ಬಂದ ಅಂಚೆ ನೌಕರರು, ತಾಯಿ ಜಮೈಕಾದ ದಾದಿ. ಅಕ್ಷರಗಳನ್ನು ಗುರುತಿಸುವುದರಲ್ಲಿ, ಪದಗಳನ್ನು ಕ್ರಮವಾಗಿ ಜೋಡಿಸುವುದರಲ್ಲಿ ಕಷ್ಟ ಕೊಡುವ ಡಿಸ್ಲೆಕ್ಸಿಯಾ ಎಂಬ ಕಲಿಕಾ ತೊಡಕು ಈ ಹುಡುಗನಿಗಿತ್ತು. ಬುದ್ಧಿಶಕ್ತಿಗೂ ಆ ತೊಡಕಿಗೂ ಸಂಬಂಧವಿಲ್ಲವೆಂಬ ತಿಳಿವಳಿಕೆ ಅಂದಿನ ಶಾಲೆಗಳಲ್ಲಿ ಇರಲಿಲ್ಲವಾದ್ದರಿಂದ ಅವನು ದಡ್ಡನೆನಿಸಿಕೊಂಡ, ಪುಂಡನೆನಿಸಿಕೊಂಡ, ಕೊನೆಗೆ ಸರಿಯಾಗಿ ಓದುಬರಹ ಬಾರದೆಯೇ 13ನೆಯ ವಯಸ್ಸಿನಲ್ಲಿ ಶಾಲೆಯಿಂದ ಹೊರಬಿದ್ದ. ಬಾಲಾಪರಾಧಿಗಳ ವಸತಿಶಾಲೆ, ಕಳ್ಳತನ, ಸೆರೆವಾಸ ಎಲ್ಲವನ್ನೂ ಅವನು ಕಂಡ. ಆದರೆ ಇಷ್ಟೆಲ್ಲದರ ನಡುವೆಯೂ ಅವನ ನಾಲಗೆಯ ಮೇಲೆ ಪದ್ಯವಿತ್ತು: ಹತ್ತು ವರ್ಷದ ಹೊತ್ತಿಗೇ ಚರ್ಚಿನಲ್ಲಿ ಜನರ ಮುಂದೆ ನಿಂತು ಹೇಳುತ್ತಿದ್ದ ಹುಡುಗ, ಹದಿನೈದು ತುಂಬುವಷ್ಟರಲ್ಲಿ ಹ್ಯಾಂಡ್ಸ್‌ವರ್ತ್‌ನ ಜನಕ್ಕೆಲ್ಲ ಪರಿಚಿತ ಕವಿಯಾಗಿದ್ದ. ಅಕ್ಷರದ ನೆರವಿಲ್ಲದೆ ನೆನಪಿನಲ್ಲಿಯೇ ಕಟ್ಟಿ, ನೆನಪಿನಲ್ಲಿಯೇ ತಿದ್ದಿ, ದನಿಯ ಮೂಲಕವೇ ಮುಟ್ಟಿಸಬೇಕಾಗಿದ್ದ ಈ ಸ್ಥಿತಿ ಅವರ ಕಾವ್ಯದ ಸ್ವರೂಪವನ್ನೇ ನಿರ್ಧರಿಸಿತೆಂದರೆ ತಪ್ಪಾಗದು. ಓದುಬರಹವನ್ನು ಅವರು ಗಟ್ಟಿಮಾಡಿಕೊಂಡದ್ದು ಇಪ್ಪತ್ತು ದಾಟಿದ ಮೇಲೆ, ವಯಸ್ಕರ ಶಿಕ್ಷಣದ ತರಗತಿಯಲ್ಲಿ; ತಮಗಿದ್ದ ತೊಡಕಿಗೆ ಒಂದು ಹೆಸರಿದೆಯೆಂಬುದು ತಿಳಿದದ್ದೂ ಅಲ್ಲಿಯೇ. ಲಂಡನ್ನಿಗೆ ಬಂದ ಮೇಲೆ, 1980ರಲ್ಲಿ, ‘ಪೆನ್ ರಿದಮ್’ ಎಂಬ ಮೊದಲ ಸಂಕಲನ ಹೊರಬಂದಿತು.

ಅವರದು ‘ಡಬ್’ ಕಾವ್ಯವೆಂಬ ಪರಂಪರೆ. ಜಮೈಕಾದ ರೆಗೆ ಸಂಗೀತದ ಧ್ವನಿಮುದ್ರಿಕೆಯ ಒಂದು ಬದಿಯಲ್ಲಿ ಹಾಡು ಇದ್ದರೆ, ಇನ್ನೊಂದು ಬದಿಯಲ್ಲಿ ಅದೇ ಹಾಡಿನಿಂದ ಗಾಯಕನ ದನಿಯನ್ನು ತೆಗೆದು, ಡ್ರಮ್ಮು ಮತ್ತು ಬೇಸ್ ಗಿಟಾರಿನ ನಾದವನ್ನು ಎತ್ತರಿಸಿದ ರೂಪವಿರುತ್ತಿತ್ತು. ಅದಕ್ಕೆ ಡಬ್ ಎಂದು ಹೆಸರು. ಆ ಖಾಲಿ ಜಾಗದಲ್ಲಿ ತಾಳಕ್ಕೆ ತಕ್ಕಂತೆ ಮಾತನ್ನು ಹೆಣೆಯುವ ರೂಢಿಯಿಂದ ಡಬ್ ಕಾವ್ಯ ಬೆಳೆಯಿತು. ಜಮೈಕಾದಲ್ಲಿ ಓಕು ಒನೂರಾ, ಮುಟಬರೂಕಾ, ಇಂಗ್ಲೆಂಡಿನಲ್ಲಿ ಲಿಂಟನ್ ಕ್ವೇಸಿ ಜಾನ್ಸನ್ ಮೊದಲಾದವರು ಪಳಗಿಸಿದ ಈ ಪ್ರಕಾರದಲ್ಲಿ ವಾದ್ಯ ಇಲ್ಲದಿದ್ದಾಗಲೂ ಅದರ ಲಯ ಮಾತಿನೊಳಗೇ ಕೇಳಿಸಬೇಕು. ಬಾಬ್ ಮಾರ್ಲಿ ಅವರ ವಾದ್ಯತಂಡವಾಗಿದ್ದ ವೇಲರ್ಸ್, ಮಾರ್ಲಿ 1981ರಲ್ಲಿ ತೀರಿಕೊಂಡ ಬಳಿಕ ಮೊದಲು ಜೊತೆಗೂಡಿ ಧ್ವನಿಮುದ್ರಣ ಮಾಡಿದ್ದು ಜೆಫನಾಯಾ ಅವರೊಂದಿಗೆ. ಸೆರೆಯಲ್ಲಿದ್ದ ನೆಲ್ಸನ್ ಮಂಡೇಲಾ ಅವರಿಗೆ ಗೌರವ ಸಲ್ಲಿಸುವ ರಚನೆಯೊಂದು ಆ ಮುದ್ರಿಕೆಯಲ್ಲಿತ್ತು. 1996ರಲ್ಲಿ ಮಂಡೇಲಾ ರಾಷ್ಟ್ರಾಧ್ಯಕ್ಷರಾಗಿ ಲಂಡನ್ನಿಗೆ ಬಂದಾಗ ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ ನಡೆದ ಕಾರ್ಯಕ್ರಮವನ್ನು ನಿರ್ವಹಿಸಿದವರೂ ಜೆಫನಾಯಾ ಅವರೇ.

ಕಾದಂಬರಿಯ ದೃಷ್ಟಿಯಿಂದ ಇದಕ್ಕಿಂತಲೂ ಮುಖ್ಯವಾದ ಹಿನ್ನೆಲೆಯೊಂದಿದೆ. 1824ರ ಅಲೆಮಾರಿಗಳ ಕಾಯಿದೆಯಲ್ಲಿದ್ದ ಒಂದು ಅಂಶದ ಬಲದಿಂದ, ಅಪರಾಧ ಎಸಗುವ ಉದ್ದೇಶವಿದ್ದಂತೆ ಕಾಣುತ್ತದೆ ಎಂಬ ಸಂಶಯವೊಂದರಿಂದಲೇ ಯಾರನ್ನು ಬೇಕಾದರೂ ಬೀದಿಯಲ್ಲಿ ಬಂಧಿಸಲು ಇಂಗ್ಲೆಂಡಿನ ಪೊಲೀಸರಿಗೆ ಅಧಿಕಾರವಿತ್ತು. ಜನ ಅದನ್ನು ‘ಸಸ್’ ಕಾನೂನು ಎಂದು ಕರೆಯುತ್ತಿದ್ದರು. ಬಡಾವಣೆಗಳ ಕಪ್ಪು ಹುಡುಗರ ಮೇಲೆಯೇ ಅದು ಹೆಚ್ಚಾಗಿ ಬಳಕೆಯಾಗುತ್ತಿತ್ತು, 1981ರಲ್ಲಿ ರದ್ದಾಗುವವರೆಗೂ ಇದು ನಡೆಯಿತು. ಏನನ್ನೂ ಮಾಡುವ ಮೊದಲೇ, ಬಾಯಿ ತೆರೆಯುವ ಮೊದಲೇ, ಮುಖವೇ ಸಾಕ್ಷಿಯಾಗಿ ನಿಲ್ಲುವ ಅನುಭವ ಜೆಫನಾಯಾ ಅವರ ತಲೆಮಾರಿಗೆ ದಿನನಿತ್ಯದ್ದಾಗಿತ್ತು.

‘ಫೇಸ್’ ಕಾದಂಬರಿಯ ಮಾರ್ಟಿನ್ ಟರ್ನರ್ ಪೂರ್ವ ಲಂಡನ್ನಿನ ಹದಿನೈದು ವರ್ಷದ ಬಿಳಿಯ ಹುಡುಗ. ನೋಡಲು ಲಕ್ಷಣವಾಗಿರುವ, ಮಾತಿನಲ್ಲಿ ಚುರುಕಾದ, ತರಗತಿಯನ್ನೆಲ್ಲ ನಗಿಸುವ ಇವನಿಗೆ ಮಾರ್ಕ್, ಮ್ಯಾಥ್ಯೂ ಎಂಬ ಇಬ್ಬರು ಬೆನ್ನಿಗಂಟಿದ ಗೆಳೆಯರು. ನಟಾಲಿ ಎಂಬ ಗೆಳತಿ. ಒಂದು ರಾತ್ರಿ ಸಂಗೀತದ ಕ್ಲಬ್ಬಿನಿಂದ ಮನೆಗೆ ಮರಳುವಾಗ ಪರಿಚಯದ ಹುಡುಗರ ಕಾರನ್ನು ಹತ್ತುತ್ತಾನೆ. ಅದು ಕದ್ದ ಕಾರು. ಮೋಜಿಗಾಗಿ ಕಾರು ಕದ್ದು ವೇಗವಾಗಿ ಓಡಿಸುವ ಚಾಳಿ ತೊಂಬತ್ತರ ದಶಕದ ಇಂಗ್ಲೆಂಡಿನಲ್ಲಿ ಎಷ್ಟು ಬೆಳೆದಿತ್ತೆಂದರೆ, ಅದಕ್ಕೆಂದೇ 1992ರಲ್ಲಿ ಪ್ರತ್ಯೇಕ ಕಾಯಿದೆಯನ್ನು ತರಬೇಕಾಯಿತು. ಕಾರು ಅಪಘಾತಕ್ಕೀಡಾಗಿ ಹೊತ್ತಿಕೊಳ್ಳುತ್ತದೆ, ಮಾರ್ಟಿನ್‌ನ ಮುಖ ಸುಡುತ್ತದೆ.

ಇಲ್ಲಿಂದ ಮುಂದಿನ ಆಸ್ಪತ್ರೆಯ ಅಧ್ಯಾಯಗಳು ಪುಸ್ತಕದ ಅತ್ಯುತ್ತಮ ಭಾಗ. ಆಳವಾದ ಸುಟ್ಟಗಾಯದಲ್ಲಿ ಚರ್ಮ ತಾನಾಗಿ ಬೆಳೆಯಲಾರದು. ಆದ್ದರಿಂದ ಮೈಯ ಬೇರೆ ಭಾಗದಿಂದ, ಸಾಮಾನ್ಯವಾಗಿ ತೊಡೆಯಿಂದ, ತೆಳುವಾದ ಚರ್ಮದ ಪದರವನ್ನು ತೆಗೆದು ಗಾಯದ ಮೇಲೆ ಹೊದಿಸುತ್ತಾರೆ. ಇದೇ ಚರ್ಮದ ಕಸಿ. ಕಸಿ ಹಿಡಿದುಕೊಂಡ ಮೇಲೂ ಕಲೆಗಟ್ಟಿದ ಭಾಗ ತಿಂಗಳುಗಟ್ಟಲೆ ಬಿಗಿಯುತ್ತ ಹೋಗಿ ಕಣ್ಣಿನ ರೆಪ್ಪೆಯನ್ನೋ ತುಟಿಯ ಅಂಚನ್ನೋ ಎಳೆಯುವುದುಂಟು, ಮತ್ತೆ ಮತ್ತೆ ಶಸ್ತ್ರಚಿಕಿತ್ಸೆ ಬೇಕಾಗುವುದುಂಟು. ಹಳೆಯ ಮುಖ ಮರಳಿ ಬರುವುದಿಲ್ಲವೆಂಬುದನ್ನು ರೋಗಿ ಹಂತಹಂತವಾಗಿ ಒಪ್ಪಿಕೊಳ್ಳಬೇಕಾಗುತ್ತದೆ. ಮೊದಲ ಸಲ ಕನ್ನಡಿ ನೋಡುವ ಗಳಿಗೆಯನ್ನು ಜೆಫನಾಯಾ ಅತಿ ಭಾವುಕತೆಯಿಲ್ಲದೆ ಬರೆಯುತ್ತಾರೆ. ಆದರೆ ಮಾರ್ಟಿನ್‌ಗೆ ನಿಜವಾದ ಪರೀಕ್ಷೆ ಕಾದಿರುವುದು ಮನುಷ್ಯರ ಕಣ್ಣುಗಳಲ್ಲಿ. ಆಸ್ಪತ್ರೆಯಲ್ಲಿ ಮುಖದ ಭಿನ್ನತೆಯಿರುವ ಇನ್ನೊಬ್ಬ ಹುಡುಗನ ಪರಿಚಯವಾಗುತ್ತದೆ. ಅವನನ್ನು ಕಂಡಾಗ ತನ್ನೊಳಗೆ ಏಳುವ ಮುಜುಗರವೇ ನಾಳೆ ತನ್ನನ್ನು ಕಂಡವರಲ್ಲಿಯೂ ಏಳುತ್ತದೆಂಬ ಅರಿವು ಅವನನ್ನು ತಾಕುತ್ತದೆ. ಇತರರನ್ನು ನೋಟದಿಂದಲೇ ತೂಗಬಲ್ಲವನಾಗಿದ್ದ ಹುಡುಗ ಈಗ ತೂಗಿಸಿಕೊಳ್ಳುವವನಾಗುತ್ತಾನೆ, ಮತ್ತು ಓದುಗ ಈ ಎರಡೂ ಕಡೆ ಅವನ ಜೊತೆಯಲ್ಲೇ ಇರುತ್ತಾನೆ. ನಾಯಕ ಬಿಳಿಯನಾಗಿರುವುದರಿಂದಲೇ ಈ ಪಲ್ಲಟ ಫಲಿಸುತ್ತದೆ: ಚರ್ಮದ ಬಣ್ಣದಿಂದ ಎಂದೂ ತೊಂದರೆ ಕಾಣದ ಒಬ್ಬನಿಗೆ ಚರ್ಮವೇ ತೊಂದರೆಯಾದಾಗ, ಪೂರ್ವಗ್ರಹವೆಂಬುದು ಯಾರೋ ಕೆಲವರ ಸಮಸ್ಯೆಯಾಗಿ ಉಳಿಯುವುದಿಲ್ಲ.

ನಟಾಲಿ ದೂರವಾಗುತ್ತಾಳೆ. ಬೀದಿಯಲ್ಲಿ ಹೀಯಾಳಿಕೆಯೂ ಅದಕ್ಕಿಂತ ಭಾರವಾದ ಕನಿಕರವೂ ಎದುರಾಗುತ್ತವೆ. ಶಾಲೆಗೆ ಮರಳಿದ ಮಾರ್ಟಿನ್ ಜಿಮ್ನಾಸ್ಟಿಕ್ಸ್ ತಂಡದ ನಾಯಕನಾಗಿ, ಜನ ತನ್ನನ್ನು ನೋಡುವುದು ಅನಿವಾರ್ಯವಾದರೆ ತಾನು ಮಾಡುವುದನ್ನು ನೋಡಲಿ ಎಂಬ ನಿಲುವಿಗೆ ಬರುತ್ತಾನೆ. ಕೊನೆಯ ಭಾಗ ಸ್ವಲ್ಪ ಅವಸರದ್ದೆನಿಸುವುದು ನಿಜ, ಕೆಲವು ಪಾತ್ರಗಳು ಪಾಠ ಹೇಳಲೆಂದೇ ಬಂದಂತಿರುವುದೂ ನಿಜ. ಆದರೂ ಪವಾಡದ ಚಿಕಿತ್ಸೆಯಿಂದ ಮುಖವನ್ನು ಸರಿಪಡಿಸಿ ಮಂಗಳ ಹಾಡುವ ಸುಲಭದ ದಾರಿಯನ್ನು ಲೇಖಕರು ತುಳಿಯದಿರುವುದು ದೊಡ್ಡ ಗುಣ. ಚಿಕ್ಕ ಅಧ್ಯಾಯಗಳು, ಮಾತುಕತೆಯೇ ಹೆಚ್ಚಾಗಿರುವ ನಿರೂಪಣೆ, ಪೂರ್ವ ಲಂಡನ್ನಿನ ಆಡುನುಡಿ ಇವೆಲ್ಲ ಓದಲು ಹಿಂಜರಿಯುವ ಮಕ್ಕಳ ಕಷ್ಟವನ್ನು ಸ್ವತಃ ಉಂಡವರ ಬರವಣಿಗೆಯ ಗುರುತುಗಳು.

ಈ ವಿಷಯಕ್ಕೆ ಇಂಗ್ಲೆಂಡಿನಲ್ಲಿ ಹಿಂದಿನ ಚರಿತ್ರೆಯೂ ಇದೆ. ಎರಡನೆಯ ಮಹಾಯುದ್ಧದಲ್ಲಿ ಮುಖ ಸುಟ್ಟುಕೊಂಡ ವಿಮಾನ ಯೋಧರಿಗೆ ಈಸ್ಟ್ ಗ್ರಿನ್‌ಸ್ಟೆಡ್ ಎಂಬ ಊರಿನಲ್ಲಿ ಚಿಕಿತ್ಸೆ ನೀಡಿದ ಶಸ್ತ್ರವೈದ್ಯ ಆರ್ಚಿಬಾಲ್ಡ್ ಮೆಕಿಂಡೋ, ಅವರನ್ನು ಆಸ್ಪತ್ರೆಯೊಳಗೇ ಬಚ್ಚಿಡದೆ ಪೇಟೆಗೆ ಕಳಿಸುತ್ತಿದ್ದರು. ದಿಟ್ಟಿಸಿ ನೋಡದ ಊರೆಂದು ಆ ಊರಿಗೆ ಹೆಸರೇ ಬಂದಿತು. 1970ರಲ್ಲಿ ತಮ್ಮ 18ನೆಯ ವಯಸ್ಸಿನಲ್ಲಿ ವಾಹನದ ಬೆಂಕಿಯಲ್ಲಿ ಮುಖ ಸುಟ್ಟುಕೊಂಡ ಜೇಮ್ಸ್ ಪಾರ್ಟ್ರಿಜ್ 1992ರಲ್ಲಿ ‘ಚೇಂಜಿಂಗ್ ಫೇಸಸ್’ ಸಂಸ್ಥೆಯನ್ನು ಕಟ್ಟಿ, ಸಮಾಜದ ನೋಟಕ್ಕೂ ಚಿಕಿತ್ಸೆ ಬೇಕೆಂದು ವಾದಿಸಿದರು. ಮುಖದ ಮೇಲೆ ಕಲೆಯಿದ್ದವನೇ ಖಳನಾಯಕನಾಗುವ ಸಿನಿಮಾ ರೂಢಿಯನ್ನು ಆ ಸಂಸ್ಥೆ ಪ್ರಶ್ನಿಸಿದಾಗ, ಅಂಥ ಚಿತ್ರಗಳಿಗೆ ಹಣ ನೀಡುವುದಿಲ್ಲವೆಂದು ಬ್ರಿಟಿಷ್ ಫಿಲಂ ಇನ್‌ಸ್ಟಿಟ್ಯೂಟ್ 2018ರಲ್ಲಿ ಘೋಷಿಸಿತು. ಭಾರತದಲ್ಲಿ ಆ್ಯಸಿಡ್ ದಾಳಿಗೆ ತುತ್ತಾದವರನ್ನು 2016ರ ಅಂಗವಿಕಲರ ಹಕ್ಕುಗಳ ಕಾಯಿದೆ ತನ್ನ ವ್ಯಾಪ್ತಿಗೆ ಸೇರಿಸಿಕೊಂಡಿದೆ. ಮೀಸಲಾತಿ ಮುಂತಾದ ಸೌಲಭ್ಯಗಳಿಗೆ ಇದು ದಾರಿಯಾದರೂ ಬಸ್ಸಿನಲ್ಲಿ ಪಕ್ಕದ ಸೀಟಿನವರು ಎದ್ದುಹೋಗುವುದನ್ನು ಯಾವ ಕಾಯಿದೆಯೂ ತಡೆಯಲಾರದು.

ಜೆಫನಾಯಾ ಮುಂದೆ ‘ರೆಫ್ಯೂಜಿ ಬಾಯ್’, ‘ಗ್ಯಾಂಗ್‌ಸ್ಟಾ ರ್‍ಯಾಪ್’, ‘ಟೀಚರ್ಸ್ ಡೆಡ್’ ಎಂಬ ಕಾದಂಬರಿಗಳನ್ನೂ ಬರೆದರು. 2003ರಲ್ಲಿ ಬ್ರಿಟಿಷ್ ಸಾಮ್ರಾಜ್ಯದ ಹೆಸರಿನ ಗೌರವ ಪದವಿಯನ್ನು, ಸಾಮ್ರಾಜ್ಯವೆಂಬ ಮಾತು ಗುಲಾಮಗಿರಿಯ ಕ್ರೌರ್ಯವನ್ನು ನೆನಪಿಸುತ್ತದೆಂದು ಬಹಿರಂಗವಾಗಿ ನಿರಾಕರಿಸಿದರು. ಶಾಲೆ ಹೊರದಬ್ಬಿದ ಅವರು ಬ್ರೂನೆಲ್ ವಿಶ್ವವಿದ್ಯಾಲಯದಲ್ಲಿ ಪ್ರಾಧ್ಯಾಪಕರಾದರು. ಮೆದುಳಿನ ಗಡ್ಡೆಯಿಂದಾಗಿ 2023ರ ಡಿಸೆಂಬರ್ 7ರಂದು, 65ನೆಯ ವಯಸ್ಸಿನಲ್ಲಿ ತೀರಿಕೊಂಡರು. ಪ್ರೌಢಶಾಲೆಯ ಇಂಗ್ಲಿಷ್ ಶಿಕ್ಷಕರು ‘ಫೇಸ್’ ಪುಸ್ತಕವನ್ನು ವಾರಕ್ಕೊಂದು ಅಧ್ಯಾಯದಂತೆ ತರಗತಿಯಲ್ಲಿ ಗಟ್ಟಿಯಾಗಿ ಓದಿ, ಕನ್ನಡದಲ್ಲಿಯೇ ಮಕ್ಕಳೊಡನೆ ಚರ್ಚಿಸಬೇಕು. ಒಂಬತ್ತು, ಹತ್ತನೆಯ ತರಗತಿಯ ಮಕ್ಕಳಿಗೆ ಅದರ ಭಾಷೆ ಎಟುಕದಷ್ಟು ಕಷ್ಟದ್ದಲ್ಲ.