ದುಡಿಯುವವರ ಕಣ್ಣಿಗೆ ಕಾಣುವ ಪೋಲು

ಶ್ರೀಮಠದ ಭಕ್ತರಲ್ಲಿ ಗಿರಣಿ, ಎಣ್ಣೆಗಾಣ, ಮುದ್ರಣಾಲಯ, ಸಿದ್ಧ ಉಡುಪಿನ ಘಟಕಗಳನ್ನು ನಡೆಸುವವರು ಅನೇಕರಿದ್ದಾರೆ. ಉದ್ಯಮವು ನೆಲಜಲಗಳನ್ನು ಕೆಡಿಸದೆ ಬಾಳಬೇಕೆಂಬ ವಿಚಾರ ಬಂದಾಗ, ಗೋಡೆಗೆ ಫಲಕ ತೂಗುಹಾಕಿ, ವರ್ಷಕ್ಕೊಮ್ಮೆ ನೌಕರರಿಗೆ ಉಪನ್ಯಾಸ ಕೇಳಿಸಿದರೆ ಸಾಕೆಂಬ ಭಾವನೆ ಹಲವರಲ್ಲಿದೆ. ಅದು ಸಾಲದೆಂಬುದಕ್ಕೆ ಅಮೆರಿಕದ ಮಿನ್ನೆಸೋಟಾ ರಾಜ್ಯದ ತ್ರೀ ಎಂ ಕಂಪನಿಯ ನಿದರ್ಶನವನ್ನು ಇಲ್ಲಿ ವಿವರಿಸುತ್ತೇವೆ.

ಅಂಟು ಟೇಪು, ಸ್ಯಾಂಡ್‌ಪೇಪರ್ ಮೊದಲಾದವನ್ನು ತಯಾರಿಸುವ ಈ ಕಂಪನಿಯು 1975ರಲ್ಲಿ ‘ಮಾಲಿನ್ಯ ತಡೆದರೆ ಲಾಭ’ ಎಂಬರ್ಥದ ಯೋಜನೆಯೊಂದನ್ನು ಆರಂಭಿಸಿತು. ಅದರ ಹಿಂದಿದ್ದವರು ಜೋಸೆಫ್ ಲಿಂಗ್ ಎಂಬ ಇಂಜಿನಿಯರು. ಹೊಗೆಕೊಳವೆಯ ತುದಿಯಲ್ಲಿ ಶೋಧಕ ಕೂರಿಸುವುದಕ್ಕಿಂತ ಕೊಳೆಯೇ ಹುಟ್ಟದಂತೆ ನೋಡಿಕೊಳ್ಳುವುದು ಮೇಲೆಂಬುದು ಯೋಜನೆಯ ತಿರುಳು. ಕೊಳೆ ಹುಟ್ಟುವ ಜಾಗ ಗೊತ್ತಿರುವುದಾದರೂ ಯಾರಿಗೆ? ಯಂತ್ರದ ಬಳಿ ನಿಂತವರಿಗೆ. ಆದ್ದರಿಂದ ಸಲಹೆಗಳನ್ನು ನೌಕರರಿಂದಲೇ ಆಹ್ವಾನಿಸಲಾಯಿತು. ಬಲವಂತವಿರಲಿಲ್ಲ, ಒಪ್ಪಿತವಾದ ಸಲಹೆಗೆ ಮನ್ನಣೆಯಿತ್ತು. ಮಿಶ್ರಣ ಬದಲಿಸಬಹುದು, ತಯಾರಿಕೆಯ ಕ್ರಮ ತಿದ್ದಬಹುದು, ಯಂತ್ರ ಮಾರ್ಪಡಿಸಬಹುದು, ಉಳಿಕೆಯನ್ನು ಮರಳಿ ಬಳಸಬಹುದು; ಮಾಲಿನ್ಯವೂ ತಗ್ಗಬೇಕು, ಹಣವೂ ಉಳಿಯಬೇಕು. ಔಷಧದ ಗುಳಿಗೆಗಳ ಹೊರಲೇಪಕ್ಕೆ ಬಳಸುತ್ತಿದ್ದ ರಾಸಾಯನಿಕ ದ್ರಾವಕದ ಬದಲು ನೀರನ್ನು ಬಳಸಿದ್ದು ಇಂಥ ಒಂದು ಫಲ. ದ್ರಾವಕದ ಆವಿ ಗಾಳಿಗೆ ಸೇರುವುದು ತಪ್ಪಿತು. ಅದನ್ನು ಹಿಡಿಯುವ ದುಬಾರಿ ಉಪಕರಣವೂ ಬೇಡವಾಯಿತು.

ಇಷ್ಟಕ್ಕೇ ನಿಲ್ಲಿಸಿದರೆ ಅರ್ಧ ಹೇಳಿದಂತಾದೀತು. ಇದೇ ಕಂಪನಿ ದಶಕಗಳ ಕಾಲ ತಯಾರಿಸಿದ, ನಿಸರ್ಗದಲ್ಲಿ ಸುಲಭವಾಗಿ ನಶಿಸದ ಪಿಎಫ್‌ಎಎಸ್ ರಾಸಾಯನಿಕಗಳು ಕುಡಿಯುವ ನೀರಿನಲ್ಲಿ ಸೇರಿದ ಸಂಬಂಧ ಮೊಕದ್ದಮೆಗಳಾದವು. ಹೊಣೆಯನ್ನು ಒಪ್ಪಿಕೊಳ್ಳದೆಯೇ, ಅಮೆರಿಕದ ಸಾರ್ವಜನಿಕ ನೀರು ಸರಬರಾಜು ವ್ಯವಸ್ಥೆಗಳಿಗೆ ಒಂದು ಸಾವಿರ ಕೋಟಿ ಡಾಲರಿಗೂ ಮಿಕ್ಕಿದ ಮೊತ್ತ ಕೊಡಲು 2023ರಲ್ಲಿ ಅದು ಸಮ್ಮತಿಸಿತು. ನೌಕರರ ಸಲಹೆ ದ್ರಾವಕವನ್ನು ಉಳಿಸಬಲ್ಲದು. ಯಾವ ಪದಾರ್ಥವನ್ನು ತಯಾರಿಸಬೇಕು, ಯಾವುದನ್ನು ಕೈಬಿಡಬೇಕು ಎಂಬ ನಿರ್ಧಾರ ಯಜಮಾನರದು. ಆ ಹೊಣೆಯನ್ನು ಸಲಹಾಪೆಟ್ಟಿಗೆಯ ಮೇಲೆ ಹೊರಿಸಲಾಗದು.

ನಮ್ಮ ಸಣ್ಣ ಘಟಕಗಳಲ್ಲಿ ಇದನ್ನು ತೊಡಗಿಸುವುದು ಕಷ್ಟವೇನಲ್ಲ. ತಿಂಗಳ ವಿದ್ಯುತ್ ಬಿಲ್ಲು, ನೀರಿನ ಲೆಕ್ಕ, ಕಸವಾಗಿ ಹೋದ ಕಚ್ಚಾವಸ್ತುವಿನ ತೂಕ ಇವನ್ನು ನೌಕರರ ಮುಂದೆ ತೆರೆದಿಡಬೇಕು. ಲೆಕ್ಕ ಮುಚ್ಚಿಟ್ಟು ಸಲಹೆ ಕೇಳುವುದರಲ್ಲಿ ಅರ್ಥವಿಲ್ಲ. ಸಲಹೆ ಬಂದರೆ, ಒಪ್ಪದಿದ್ದರೂ ಸರಿಯೇ, ಕಾರಣಸಹಿತ ಉತ್ತರವನ್ನು ಬೇಗನೆ ಕೊಡಬೇಕು. ಪೋಲನ್ನು ತೋರಿಸಿಕೊಟ್ಟವರ ಕೆಲಸಕ್ಕೇ ಕುತ್ತು ಬಾರದೆಂಬ ಭರವಸೆಯನ್ನು ಯಜಮಾನರು ಮೊದಲ ದಿನವೇ ಎಲ್ಲರೆದುರು ನೀಡತಕ್ಕದ್ದು.