ಮುಟ್ಟಿದರೆ ಮಾಯವಾಗೋ ಸುರುಳಿ ಎಲೆ

ಆಳೆತ್ತರದ ಗಿಡ.
ಬೆರಳು ತಾಗಿದರೆ ನೆಲದೊಳಗೆ ಮಾಯ!
ಇಂಥದ್ದು ಎಲ್ಲಾದರೂ ಇರೋಕೆ ಸಾಧ್ಯನಾ?

2009ರ 'ಅವತಾರ್' ಸಿನಿಮಾ ನೆನಪಿದೆಯಾ?
ಅದರಲ್ಲಿನ ಪಂಡೋರಾ ಅನ್ನೋ ಲೋಕದ ಕಾಡಲ್ಲಿ ಕಿತ್ತಳೆ ಬಣ್ಣದ ಸುರುಳಿ ಎಲೆಗಳು.
ಕಥಾನಾಯಕ ಜೇಕ್ ಒಂದನ್ನ ಮುಟ್ಟುತ್ತಾನೆ.
ಆಮೆ ತಲೆ ಒಳಗೆಳೆದುಕೊಂಡ ಹಾಗೆ,
ಸರಕ್ಕಂತ ಒಳಗೆ!
ಆಮೇಲೆ ಇನ್ನೊಂದು, ಮತ್ತೊಂದು.
ಎಲ್ಲಾ ಮಾಯವಾದ ಮೇಲೆ,
ಹಿಂದೆ ನಿಂತಿದ್ದ ದೈತ್ಯ ಪ್ರಾಣಿ ಕಾಣುತ್ತೆ.

ಇಂಥದ್ದೇ ಜೀವಿ ನಿಜವಾಗಿಯೂ ಸಮುದ್ರದಲ್ಲಿದೆ.
ಕ್ರಿಸ್‌ಮಸ್ ಟ್ರೀ ವರ್ಮ್.
ಹವಳದೊಳಗೆ ಕೊಳವೆ ಕಟ್ಟಿಕೊಂಡು ಕೂರೋ ಪುಟ್ಟ ಹುಳ.
ಹೊರಗೆ ಕಾಣೋದು ಬಣ್ಣಬಣ್ಣದ ಎರಡು ಸುರುಳಿ ಮಾತ್ರ.
ಉಸಿರಾಡೋದೂ ಅದರಿಂದಲೇ,
ಊಟ ಹಿಡಿಯೋದೂ ಅದರಿಂದಲೇ.
ಹತ್ತಿರ ನೆರಳು ಸುಳಿದರೂ ಸಾಕು,
ಕೊಳವೆ ಸೇರಿಬಿಡುತ್ತೆ.
ಎಷ್ಟು ಚೆಂದದ ಜೀವ ಅಲ್ವಾ?

ಸರಿ, ಸಿನಿಮಾದಲ್ಲಿ ರಾತ್ರಿ ಆ ಕಾಡು ಹೊಳೆಯುತ್ತಲ್ಲ?
ಅದೂ ಸಮುದ್ರದ ವಿದ್ಯೆಯೇ.
ನಿರ್ದೇಶಕ ಜೇಮ್ಸ್ ಕ್ಯಾಮರೂನ್
ಆಳಸಮುದ್ರಕ್ಕೆ ಖುದ್ದಾಗಿ ಇಳಿದು ಬಂದವರು.
ಅಲ್ಲಿನ ಎಷ್ಟೋ ಜೀವಿಗಳ ಮೈಯಲ್ಲಿ
ಲೂಸಿಫೆರಿನ್ ಅನ್ನೋ ವಸ್ತು ಇರುತ್ತೆ.
ಅದು ಆಮ್ಲಜನಕದ ಜೊತೆ ಸೇರಿದರೆ ಬೆಳಕು.
ಬಿಸಿ ಇಲ್ಲದ ಬೆಳಕು!
ನಮ್ಮ ಮಿಂಚುಹುಳದಲ್ಲಿ ನಡೆಯೋದೂ ಇದೇ.

ಪಶ್ಚಿಮ ಘಟ್ಟದಲ್ಲಿ ಮಳೆಗಾಲಕ್ಕೆ ಹೊಳೆಯೋ ಅಣಬೆಗಳೂ ಇವೆ.
ಕೊಳೆತ ಮರದ ಮೇಲೆ, ತಿಳಿ ಹಸಿರು ಬೆಳಕು.
ನೋಡೋಕೆ ಹೋದರೆ
ಟಾರ್ಚ್ ಆರಿಸಿ, ಮೊಬೈಲ್ ಜೇಬಿಗೆ ಹಾಕಿ,
ಕಣ್ಣಿಗೆ ಕತ್ತಲು ಅಭ್ಯಾಸ ಆಗೋವರೆಗೂ ಕಾಯಿರಿ.